ಕೈ ಒಂದು, ಬಾಟಲಿ ಎರಡು

ಒಬ್ಬರ ಊಟದ ಚೀಲದಿಂದ ಇನ್ನೊಬ್ಬರು ಉಪ್ಪಿನಕಾಯಿ ಬಾಟಲಿ ಕಸಿದುಕೊಂಡು ಹೋಗಿ, ಒಳಗಿದ್ದುದನ್ನು ಮರದ ಬುಡದಲ್ಲಿ ಹೂಳಿದ್ದನ್ನು ನಾನು ಒಮ್ಮೆ ಮಾತ್ರ ನೋಡಿದ್ದೇನೆ. ಅದು ನಡೆದದ್ದು ಶಿಗ್ಗಾಂವದಲ್ಲಿ, ನಾನು ರಸಾಯನಶಾಸ್ತ್ರ ಕಲಿಸುವ ಕಾಲೇಜಿನಲ್ಲಿ, ಮಧ್ಯಾಹ್ನದ ಊಟದ ಹೊತ್ತಿನಲ್ಲಿ. ಕಸಿದುಕೊಂಡವರು ನಮ್ಮ ಪ್ರಯೋಗಾಲಯದ ಅಟೆಂಡರ್. ಕಳೆದುಕೊಂಡವರು ಹಾನಗಲ್ಲಿನಿಂದ ದಿನಾ ಬಸ್ಸಿನಲ್ಲಿ ಬರುತ್ತಿದ್ದ ಭೌತಶಾಸ್ತ್ರದ ಮಾಸ್ತರರು.

ಮಾಸ್ತರರು ಮುಚ್ಚಳ ತೆಗೆದಾಗ ಉಪ್ಪಿನಕಾಯಿಯ ಮೇಲೆ ಬೆಳ್ಳಗೆ ಒಂದು ಪದರ ಬೂಸರು ಕಟ್ಟಿತ್ತು. ಅವರು ಚಮಚದಿಂದ ಅದನ್ನು ಕೆರೆದು ಡಬ್ಬಿಯ ಮುಚ್ಚಳಕ್ಕೆ ಹಾಕಿ, ಕೆಳಗಿನ ಹೋಳನ್ನು ಮೊಸರನ್ನಕ್ಕೆ ಹಾಕಿಕೊಳ್ಳುವವರಿದ್ದರು.

“ಸರ್ರ, ತಡೀರಿ. ಅದನ್ನ ತಿನಬ್ಯಾಡ್ರಿ.”

“ಯಾಕಪಾ? ಮ್ಯಾಲಿಂದಷ್ಟ ಹೋಗೇತಿ. ಕೆಳಗ ಛಲೋ ಐತಿ.”

“ಮ್ಯಾಲ ಕಾಣೂದು ಹೂವರಿ. ಬೇರು ಕೆಳಗ ಇಳದಿರತಾವು.”

“ಒಂಚೂರು ನೆಕ್ಕಿ ನೋಡ್ತೇನಿ. ಕೆಟ್ಟಿದ್ರ ನಾಲಿಗಿಗೆ ತಿಳೀತೈತಿ.”

“ನಾಲಿಗಿಗೆ ತಿಳಿಯೂದಿಲ್ಲರಿ. ಹೊಟ್ಟಿಗೆ ತಿಳೀತೈತಿ, ಅದೂ ಮರದಿನ.”

ಇಷ್ಟು ಹೇಳಿ ಅಟೆಂಡರ್ ಬಾಟಲಿ ಎತ್ತಿಕೊಂಡು ಹೊರಟೇಬಿಟ್ಟರು. ಕಿಟಕಿಯಿಂದ ನೋಡಿದರೆ ಬೇವಿನ ಮರದ ಕೆಳಗೆ ಕುಳಿತು ಕಬ್ಬಿಣದ ಸಲಾಕೆಯಿಂದ ನೆಲ ಕೆದಕುತ್ತಿದ್ದರು. ಮಾಸ್ತರರು ಒಂದು ವಾರ ಅವರ ಜೊತೆ ಮಾತು ಬಿಟ್ಟರು. ಎರಡನೆಯ ವಾರ ಅದೇ ಬಾಟಲಿಯನ್ನು ತೊಳೆದು ತಂದು ಅವರ ಮುಂದಿಟ್ಟು, “ಕಸಗೊಂಡವರ ತುಂಬಿ ಕೊಡಬೇಕು,” ಎಂದರು. ಅವರು ಬಾಟಲಿಯನ್ನು ಬೆಳಕಿಗೆ ಹಿಡಿದು ನೋಡಿ, “ಇನ್ನೂ ಹಸಿ ಐತ್ರಿ. ನಾಳೆ ಬಿಸಲಿಗೆ ಇಡ್ತೇನಿ, ನಾಡದ ತುಂಬ್ತೇನಿ,” ಎಂದರು. ಮಾತು ಮತ್ತೆ ಶುರುವಾಯಿತು.

ಬೇವಿನ ಮರ ಎಂದು ಬರೆದೆ. ಮೊನ್ನೆ ಮಾಸ್ತರರಿಗೆ ಫೋನ್ ಮಾಡಿ ಕೇಳಿದರೆ, ಅದು ಬಾದಾಮಿ ಗಿಡ ಎಂದು ಆಣೆ ಮಾಡಿ ಹೇಳುತ್ತಾರೆ. ಕಾಲೇಜಿನ ಹಿಂದೆ ಈಗ ಎರಡೂ ಇಲ್ಲ. ಒಂದು ಮರದ ವಿಷಯದಲ್ಲೇ ಹೀಗಾದರೆ, ಒಬ್ಬ ಮನುಷ್ಯನ ವಿಷಯದಲ್ಲಿ ನನ್ನ ನೆನಪನ್ನು ಎಷ್ಟು ನಂಬಬೇಕು? ಧಾರವಾಡದಲ್ಲಿ ಓದುವಾಗ ನನಗೆ ಕಲಿಸಿದ್ದು ಇಷ್ಟೇ: ನೋಡಿದ್ದನ್ನು ನೋಡಿದ ದಿನವೇ ಬರೆದಿಡು, ಆಮೇಲೆ ನೆನಪಾದದ್ದನ್ನು ನಂಬಬೇಡ. ಆ ಅಟೆಂಡರ್ ಬಗ್ಗೆ ನಾನು ಯಾವ ದಿನವೂ ಏನೂ ಬರೆದಿಡಲಿಲ್ಲ. ಕಳೆದ ತಿಂಗಳು ಅವರು ತೀರಿಕೊಂಡರು. ಈಗ ನೆನಪೊಂದೇ ಇದೆ, ಅದನ್ನೇ ಬರೆಯಬೇಕು.

ಅವರು ಹಿರೇಕೆರೂರು ಕಡೆಯ ಒಂದು ಹಳ್ಳಿಯ ಒಕ್ಕಲುತನದ ಮನೆಯವರು. ಹೊಲ ಅಣ್ಣಂದಿರಿಗೆ ಬಿಟ್ಟು, ಶಿಗ್ಗಾಂವದಲ್ಲಿ ಬಾಡಿಗೆ ಮನೆ ಹಿಡಿದಿದ್ದರು. ಎತ್ತರದ ಆಳು, ಹಣೆಯ ಮೇಲೆ ಮೂರು ಎಳೆ ವಿಭೂತಿ, ಅಂಗಿಯ ತೋಳು ಯಾವಾಗಲೂ ಮೊಣಕೈವರೆಗೆ ಮಡಿಚಿದ್ದು. ಪ್ರಯೋಗಾಲಯದ ಗಾಜಿನ ಸಾಮಾನನ್ನು ಅವರು ಒಗೆದ ಬಟ್ಟೆಯಿಂದಲೂ ಒರೆಸಗೊಡುತ್ತಿರಲಿಲ್ಲ. “ಅರಿವಿ ನೀರು ತಗಿಯೂದಿಲ್ಲರಿ, ಹಂಚತೈತಿ,” ಎನ್ನುತ್ತಿದ್ದರು. ತೊಳೆದು ಬೋರಲು ಹಾಕಿ, ತಾವಾಗಿ ಆರುವವರೆಗೆ ಕಾಯುವುದು. ವಿದ್ಯಾರ್ಥಿಗಳು ಅವಸರ ಮಾಡಿದರೆ, “ಅದಕ್ಕ ಟೈಮ್ ಟೇಬಲ್ ಗೊತ್ತಿಲ್ಲಪಾ,” ಎಂದು ನಗುತ್ತಿದ್ದರು.

ಉಪ್ಪಿನಕಾಯಿಯ ಹುಚ್ಚು ಅವರಿಗೆ ಎಲ್ಲಿಂದ ಹತ್ತಿತೋ ಗೊತ್ತಿಲ್ಲ. ಕೇಳಿದಾಗ ಒಂದು ಸಲ ಅಜ್ಜಿಯಿಂದ ಎಂದರು, ಇನ್ನೊಂದು ಸಲ ಲ್ಯಾಬಿನಿಂದ ಎಂದರು. ಮಾವಿನಕಾಯಿ, ನಿಂಬೆ ಮಾತ್ರವಲ್ಲ, ಗಜ್ಜರಿ, ಹೂಕೋಸು, ಹಸಿಮೆಣಸಿನಕಾಯಿ, ಏನು ಸಿಕ್ಕರೂ ಹಾಕುತ್ತಿದ್ದರು. ರುಚಿಯ ಮಾತು ಅವರ ಬಾಯಲ್ಲಿ ಬರುತ್ತಿದ್ದುದೇ ಕಡಿಮೆ. ರುಚಿ ಹೆಂಡತಿಯ ಖಾತೆ, ಕೆಡದಂತೆ ಇಡುವುದು ತಮ್ಮ ಖಾತೆ ಎಂದು ಹಂಚಿಕೊಂಡಿದ್ದರು. ಅವರ ಮನೆಯಲ್ಲಿ ದೊಡ್ಡ ಭರಣಿಯನ್ನು ದಿನಾ ಯಾರೂ ಮುಟ್ಟುವಂತಿರಲಿಲ್ಲ. ವಾರಕ್ಕೆ ಬೇಕಾದಷ್ಟನ್ನು ಒಮ್ಮೆ ಸಣ್ಣ ಬಾಟಲಿಗೆ ತೆಗೆದುಕೊಳ್ಳಬೇಕು. “ದೊಡ್ಡದು ಮಲಗಿರಬೇಕರಿ, ಸಣ್ಣದು ದುಡೀಬೇಕು,” ಎನ್ನುವುದು ಅವರ ಮಾತು. ಹೋಳಿನ ಮೇಲೆ ಬೆರಳಿನ ಒಂದು ಗೆಣ್ಣಿನಷ್ಟು ಎಣ್ಣೆ ನಿಂತಿರಬೇಕು. ತಗಡಿನ ಮುಚ್ಚಳ ಕೂಡದು, ಉಪ್ಪು ಹುಳಿ ಅದನ್ನು ತಿನ್ನುತ್ತವೆ. ಭರಣಿ ಒಲೆಯ ಹತ್ತಿರವೂ ಕೂಡದು, ಬಚ್ಚಲ ಗೋಡೆಯ ಹತ್ತಿರವೂ ಕೂಡದು.

ಚೈತ್ರದಲ್ಲಿ ಅವರು ಹಾನಗಲ್ಲಿನ ಸಂತೆಗೆ ಮಾವಿನಕಾಯಿಗೆ ಹೋಗುತ್ತಿದ್ದರು. ಒಮ್ಮೆ ನಾನೂ ಜೊತೆಗೆ ಹೋಗಿದ್ದೆ. ಒಂದೊಂದೇ ಕಾಯಿಯನ್ನು ತಿರುಗಿಸಿ, ತೊಟ್ಟು ನೋಡಿ, ಉಗುರಿನಿಂದ ಮೆಲ್ಲಗೆ ತಟ್ಟಿ, ಬಿದ್ದು ಪೆಟ್ಟಾದ ಗುರುತಿದ್ದರೆ ಬದಿಗಿಡುತ್ತಿದ್ದರು. ಮಾರುವಾಕೆಗೆ ಸಾಕಾಯಿತು.

“ಮಗಳಿಗೆ ವರಾ ನೋಡಿದಂಗ ನೋಡಾಕತ್ತೀರಲ್ಲರೀ ಯಜಮಾನ್ರ.”

“ವರಾ ಕೆಟ್ರ ಒಬ್ಬಾಕೀಗೆ ತ್ರಾಸು ಯವ್ವಾ. ಇದರಾಗ ಒಂದು ಕೆಟ್ರ ಇಡೀ ಭರಣಿ ಹೋಗತೈತಿ.”

ಆಕೆ ನಕ್ಕು, ತಾನೇ ಗಿಡದಿಂದ ಕಿತ್ತ ಇನ್ನೊಂದು ಬುಟ್ಟಿಯನ್ನು ಮುಂದೆ ಎಳೆದಳು. ವಾಪಸು ಬರುವಾಗ ಬಸ್ಸಿನಲ್ಲಿ ಚೀಲವನ್ನು ಕಾಲ ಬಳಿ ಇಡಲಿಲ್ಲ. ಬಂಕಾಪುರ ದಾಟಿ ಶಿಗ್ಗಾಂವ ಬರುವತನಕ ತೊಡೆಯ ಮೇಲೇ ಇಟ್ಟುಕೊಂಡಿದ್ದರು.

ನನ್ನನ್ನು ಅವರು ಬೈದದ್ದು ಒಂದೇ ಸಲ. ಡಾಕ್ಟರು ನನಗೆ ರಕ್ತದೊತ್ತಡ ಇದೆ, ಉಪ್ಪು ಕಡಿಮೆ ಮಾಡಿ ಎಂದಿದ್ದರು. ನಾನೇ ಜಾಣತನ ಮಾಡಿ, ಅರ್ಧ ಉಪ್ಪು ಹಾಕಿದ ಬೆಳ್ಳುಳ್ಳಿ ಉಪ್ಪಿನಕಾಯಿ ಮಾಡಿ, ಮೇಲೆ ತುಂಬ ಎಣ್ಣೆ ಹೊಯ್ದು, ಕಪಾಟಿನಲ್ಲಿ ಇಟ್ಟಿದ್ದೆ. “ಎಣ್ಣೆ ಇದೆಯಲ್ಲ, ಗಾಳಿ ಹೋಗುವುದಿಲ್ಲ, ಕೆಡುವುದಿಲ್ಲ,” ಎಂದು ಅವರ ಮುಂದೆ ಪಾಠ ಹೇಳಿದೆ.

“ಸರ್ರ, ಗಾಳಿ ಇಲ್ಲದ ಬದುಕೂವು ಇರೂದಿಲ್ಲೇನ್ರಿ?” ಎಂದರು.

ಇರುತ್ತವೆ. ನಾನೇ ಪರೀಕ್ಷೆಗೆ ಓದಿದ್ದೆ. ಗಾಳಿ ಇಲ್ಲದ ಕಡೆಯೇ ಬೆಳೆದು, ವಾಸನೆ ಬಣ್ಣ ಏನೂ ಬದಲಾಗದೆ ವಿಷ ಕಟ್ಟುವಂಥವೂ ಇರುತ್ತವೆ.

“ಅರ್ಧಾ ಉಪ್ಪು ಹಾಕಿದ್ರ ಅದು ಉಪ್ಪಿನಕಾಯಿ ಅಲ್ಲರಿ, ಪಲ್ಯಾ. ಪಲ್ಯಾ ಯಾರರ ತಿಂಗಳಾನುಗಟ್ಟಲೆ ಕಪಾಟಿನಾಗ ಇಡ್ತಾರೇನ್ರಿ? ಇವತ್ತ ಚೆಲ್ಲಿಬಿಡ್ರಿ. ಮುಂದ ಬೇಕಂದ್ರ ನಿಂಬಿಹುಳಿ ಛಲೋತ್ನಂಗ ಹಾಕಿ, ಸ್ವಲ್ಪ ಮಾಡಿ, ಫ್ರಿಜ್ಜಿನಾಗ ಇಟ್ಟು ವಾರದಾಗ ಮುಗಸ್ರಿ. ಕಲಿತವರು ಹಿಂಗ ಮಾಡಿದ್ರ ಹೆಂಗರಿ?”

ಕೊನೆಯ ವಾಕ್ಯವನ್ನು ಅವರು ಹೇಳಿದರೋ, ನನ್ನ ನಾಚಿಕೆ ಆಮೇಲೆ ಸೇರಿಸಿತೋ, ಖಾತ್ರಿಯಿಲ್ಲ. ಚೆಲ್ಲಿದ್ದು ಮಾತ್ರ ನಿಜ.

ಆದರೆ ನಾನು ಬರೆಯಬೇಕೆಂದು ಕುಳಿತದ್ದು ನನ್ನ ಅವ್ವನ ಭರಣಿಯ ಸಂಗತಿ.

ನಮ್ಮ ಮನೆ ಸವಣೂರಿನಲ್ಲಿ. ಮಠದ ಆರಾಧನೆಯ ಊಟಕ್ಕೆ ನಮ್ಮ ಮನೆಯಿಂದ ಒಂದು ಭರಣಿ ಮಾವಿನಕಾಯಿ ಉಪ್ಪಿನಕಾಯಿ ಹೋಗುವುದು ಅಜ್ಜಿಯ ಕಾಲದಿಂದ ನಡೆದು ಬಂದ ರೂಢಿ. ಅಜ್ಜಿಯ ನಂತರ ಆ ಕೆಲಸ ಅವ್ವನಿಗೆ ಬಂತು. ನಲವತ್ತು ವರ್ಷ ಅವ್ವನ ಉಪ್ಪಿನಕಾಯಿ ಕೆಟ್ಟದ್ದಿಲ್ಲ. ಅಪ್ಪ ತೀರಿಕೊಂಡ ವರ್ಷ ಮೊದಲ ಬಾರಿ ಭರಣಿಯ ಮೇಲೆ ಬೂಸರು ಬಂತು. ಮರುವರ್ಷವೂ ಬಂತು. ಮೂರನೆಯ ವರ್ಷ, ಮಠಕ್ಕೆ ಕಳಿಸುವ ಹಿಂದಿನ ದಿನ ಬಾಯಿಬಟ್ಟೆ ಬಿಚ್ಚಿ ಮತ್ತೆ ಬೂಸರು ಕಂಡಾಗ ಕಾಕು ಅಲ್ಲೇ ಇದ್ದಳು. ಕಾಕು ಎಂದರೆ ನನ್ನ ಚಿಕ್ಕಪ್ಪನ ಹೆಂಡತಿ, ಪಕ್ಕದ ಓಣಿಯವಳು.

“ಅಕ್ಕಾ, ತಪ್ಪು ತಿಳಕೋಬ್ಯಾಡ್ರಿ. ನಿಮ್ಮ ಕೈಗುಣ ಹೋದಹಾಂಗ ಕಾಣಸ್ತದ. ಮುಂದಿನ ವರ್ಷದಿಂದ ನಾ ಹಾಕ್ತೀನಿ,” ಎಂದಳು.

ಕೈಗುಣ ಎಂಬ ಮಾತಿಗೆ ನಮ್ಮ ಕಡೆ ಇರುವ ತೂಕ ಹೊರಗಿನವರಿಗೆ ತಿಳಿಯುವುದು ಕಷ್ಟ. ಕೈಗುಣ ಚೆನ್ನಾಗಿದ್ದರೆ ಮೊಸರು ಹೆಪ್ಪುಗಟ್ಟುತ್ತದೆ, ಬಳ್ಳಿ ಚಿಗುರುತ್ತದೆ, ಭರಣಿ ಕೆಡುವುದಿಲ್ಲ. ಗಂಡ ಸತ್ತ ವರ್ಷದಿಂದಲೇ ಅದು ಹೋಯಿತು ಎಂದರೆ ಏನು ಹೇಳಿದಂತಾಯಿತು ಎಂಬುದನ್ನು ಕಾಕುವೂ ಬಿಡಿಸಲಿಲ್ಲ, ಅವ್ವನೂ ಕೇಳಲಿಲ್ಲ. ಆ ದಿನದಿಂದ ಅವ್ವ ಮೊಸರಿಗೆ ಹೆಪ್ಪು ಹಾಕುವುದನ್ನು ಬಿಟ್ಟಳು. ನನ್ನ ಹೆಂಡತಿಯನ್ನು ಕರೆದು, “ನೀ ಹಾಕವಾ,” ಎನ್ನತೊಡಗಿದಳು. ತುಳಸಿಕಟ್ಟೆಗೆ ಹೊಸ ಸಸಿ ತಂದಾಗ ನೆಡಲಿಲ್ಲ. ನಾನು ಸಿಟ್ಟಿನಿಂದ, ಕೈಗುಣ ಎಂಬುದೇ ಇಲ್ಲ, ಎಲ್ಲ ಮೂಢನಂಬಿಕೆ ಎಂದು ಒಂದು ತಾಸು ಭಾಷಣ ಮಾಡಿದೆ. ಅವ್ವ ಎಲ್ಲ ಕೇಳಿ, “ಹಂಗಾದ್ರ ಯಾಕ ಕೆಡತದ ಹೇಳು,” ಎಂದಳು.

ಇದನ್ನು ಪ್ರಯೋಗಾಲಯದಲ್ಲಿ ಅವರಿಗೆ ಹೇಳಿದೆ. ಹೇಳಿದೆ ಅಷ್ಟೇ ಅಲ್ಲ, ನನ್ನ ಯೋಜನೆಯನ್ನೂ ಮುಂದಿಟ್ಟೆ. ಮನೆಯಲ್ಲಿ ಹಾಕಿ ಇನ್ನೂ ತೆರೆಯದ ಹೊಸ ಭರಣಿಯಿಂದ ಒಂದು ಬಾಟಲಿಯನ್ನು ಅವ್ವ ತುಂಬಲಿ, ಇನ್ನೊಂದನ್ನು ನನ್ನ ಹೆಂಡತಿ ತುಂಬಲಿ. ಎರಡೂ ಚೆನ್ನಾಗಿ ಉಳಿದರೆ ಕೈಗುಣದ ಮಾತು ಸುಳ್ಳಾಗುತ್ತದೆ. ಇದಕ್ಕಿಂತ ಸರಳವಾದ ಪ್ರಯೋಗ ಯಾವುದಿದೆ?

ಅವರು ಕೈಯಲ್ಲಿದ್ದ ಬೀಕರನ್ನು ಬೋರಲು ಹಾಕಿ ನನ್ನ ಕಡೆ ತಿರುಗಿದರು.

“ಸರ್ರ, ಅವ್ವಾರ ಬಾಟ್ಲಿ ಕೆಟ್ರ?”

“ಕೆಟ್ಟರೆ... ಆಗ ಕಾರಣ ಹುಡುಕೋಣ.”

“ನೀವು ಕಾರಣ ಹುಡುಕ್ತೀರಿ. ಅಷ್ಟರಾಗ ಅವ್ವಾರು ಏನು ಮಾಡಬೇಕ್ರಿ? ಪ್ರಯೋಗಕ್ಕ ಮನ್ಯಾಗಿನ ಮಂದೀನ ಇಡಬಾರ್ದರಿ. ಕೈ ಒಂದ ಇರಲಿ, ಬಾಟ್ಲಿ ಎರಡಿರಲಿ. ಬ್ಯಾರೆ ಏನರ ಬದಲು ಮಾಡೂಣು. ಮೊದಲ ಅವ್ವಾರ ಜೋಡಿ ಮಾತಾಡ್ತೇನಿ.”

ವಿಶ್ವವಿದ್ಯಾಲಯದಲ್ಲಿ ಓದಿ ಬಂದ ನನಗೆ ಹೊಳೆಯದ ತಪ್ಪು ಅವರಿಗೆ ಒಂದು ಪ್ರಶ್ನೆಯಲ್ಲಿ ಹೊಳೆದಿತ್ತು. ನನ್ನ ಯೋಜನೆಯಲ್ಲಿ ಅವ್ವ ಸೋಲುವ ಸಾಧ್ಯತೆ ಇತ್ತು. ಅವರ ಯೋಜನೆಯಲ್ಲಿ ಇರಲಿಲ್ಲ.

ಮುಂದಿನ ಭಾನುವಾರ ಅವರು ಸವಣೂರಿಗೆ ಬಂದರು. ಪಡಸಾಲೆಯಲ್ಲಿ ಕುಳಿತರು. ಅಡುಗೆಮನೆಯ ಹೊಸ್ತಿಲ ಒಳಗೆ ಅವ್ವ, ಹೊರಗೆ ಅವರು. ನಡುವೆ ಐದಾರು ಮಾರು ದೂರ. ಅವರು ಮೊದಲು ವೀಳ್ಯದ ಎಲೆತೋಟದ ಮಾತಾಡಿದರು, ಸವಣೂರಿನ ಹೆಸರಾದ ತಿಂಡಿ ಖಾರ ಮೊದಲಿನಂತೆ ಉಳಿದಿಲ್ಲ ಎಂದರು, ಅವ್ವನ ಮೊಣಕಾಲ ನೋವು ವಿಚಾರಿಸಿದರು. ನನಗೆ ಚಡಪಡಿಕೆ. ಆಮೇಲೆ ಕೇಳಿದರು.

“ಅವ್ವಾರ, ಭರಣಿಗೆ ಕೈ ಹಚ್ಚೂಮುಂದ ಏನು ಉಟ್ಟಿರ್ತೀರಿ?”

ನಾನು ಬೆಚ್ಚಿದೆ. ಇದೆಂಥ ಪ್ರಶ್ನೆ! ಅವ್ವ ಮಾತ್ರ ಸಹಜವಾಗಿ ಹೇಳಿದಳು.

“ಮಡಿ ಸೀರಿ. ಮತ್ತೇನು? ಮೈ ತೊಳಕೊಂಡು, ಸೀರಿ ನೀರಾಗ ಅದ್ದಿ, ಹಿಂಡಿ, ಹಂಗ ಉಟಗೊಂಡು ಹೋಗ್ತೀನಿ.”

“ಒದ್ದೀದ?”

“ಒದ್ದೀದ.”

“ಮೊದಲಿಂದಾನೂ ಹಂಗರಿ?”

ಅವ್ವ ತಲೆಯೆತ್ತಿ ಮಾಡಿನ ಕಡೆ ನೋಡಿದಳು.

“ಇಲ್ಲಪಾ. ಮೊದಲ ಒಣಾ ಮಡೀನ ಇರತಿತ್ತು. ಇವರು ಮಡೀಲೆ ಇದ್ದಾಗ ಕೋಲಿನಿಂದ ನನ್ನ ಸೀರೀನೂ ಮ್ಯಾಲ ಗಳಕ್ಕ ಹಾಕಿಬಿಡತಿದ್ರು. ಈಗ ಇವರಿಲ್ಲ. ನನ್ನ ಭುಜ ಅಷ್ಟ ಮ್ಯಾಲ ಏಳಂಗಿಲ್ಲ. ಕೆಳಗ ಒಣಾ ಹಾಕಿದ್ರ ಯಾರರ ಮುಟ್ಟೇ ಮುಟ್ಟತಾರ.”

‘ಇವರು’ ಎಂದರೆ ಅಪ್ಪ. ಮಾಡಿನ ಕೆಳಗೆ ಅಡ್ಡ ಕಟ್ಟಿದ ಬಿದಿರುಗಳಕ್ಕೆ ಅಪ್ಪ ಉದ್ದ ಕೋಲಿನಿಂದ ಸೀರೆ ಹರವುತ್ತಿದ್ದುದನ್ನು ನಾನು ಬಾಲ್ಯದಿಂದ ನೋಡಿದ್ದೆ. ಅಪ್ಪ ಹೋದ ಮೇಲೆ ಆ ಗಳ ಮೂರು ವರ್ಷದಿಂದ ಬರಿದಾಗಿತ್ತು. ಅದೇ ಮನೆಯಲ್ಲಿ, ಅದರ ಕೆಳಗೇ ದಿನಾ ಓಡಾಡುತ್ತಿದ್ದ ನಾನು ತಲೆಯೆತ್ತಿ ನೋಡಿರಲಿಲ್ಲ. ಹಿಂಡಿದ ಸೀರೆಯ ಸೆರಗು, ಮುಂಗೈಗೆ ಅಂಟಿದ ಅಂಚು, ಬಾಗಿ ಹೋಳು ತೆಗೆಯುವಾಗ ತೊಟ್ಟಿಕ್ಕುವ ಒಂದೆರಡು ಹನಿ. ಎಣ್ಣೆಯಿಂದ ಹೊರಗೆ ಉಳಿದ ಹೋಳಿನ ಮೇಲೆ, ಭರಣಿಯ ಬಾಯಿಯಲ್ಲಿ ನೀರು ನಿಂತರೆ ಅಲ್ಲಿ ಉಪ್ಪು ತೆಳುವಾಗುತ್ತದೆ. ಬೂಸರಿಗೆ ಅಷ್ಟು ಜಾಗ ಸಾಕು.

ನಾನು ಗೆದ್ದವನಂತೆ ಬಾಯಿ ತೆರೆದೆ. ಅವರು ನನ್ನ ಕಡೆ ನೋಡದೆ, ಅಂಗೈಯನ್ನು ಅಡ್ಡ ಹಿಡಿದು ತಡೆದರು.

“ಅವ್ವಾರ, ನಮಗ ತಿಳಿಯೂದಿಲ್ಲ, ಅದಕ್ಕ ಕೇಳ್ತೇನಿ. ರೇಷ್ಮಿ ಸೀರಿ ಮಡಿಗೆ ನಡೀತೈತೇನ್ರಿ?”

ಅವ್ವನ ಮುಖ ಬಹಳ ದಿನದ ಮೇಲೆ ಅರಳಿತು. ರೇಷ್ಮೆಗೆ ಯಾಕೆ ನೀರು ಬೇಡ, ಉಣ್ಣೆಗೆ ಯಾಕೆ ಬೇಡ, ಯಾವ ದಿನ ಯಾವುದು ನಡೆಯುತ್ತದೆ ಎಂದು ವಿವರವಾಗಿ ಹೇಳಿದಳು. ಅವರು ಹೂಂಗುಡುತ್ತ ಕೇಳಿದರು. ಕೊನೆಗೆ, “ಹಂಗಾರ ಉಪ್ಪಿನಕಾಯಿ ತಗಿಯಾಕ ರೇಷ್ಮಿ ನಡೀತೈತಿ?” ಎಂದರು.

“ನಡೀತದ. ಯಾಕ ನಡಿಯಂಗಿಲ್ಲ?” ಎಂದ ಅವ್ವ, ತನ್ನ ಮಾತನ್ನು ತಾನೇ ಕೇಳಿಸಿಕೊಂಡವಳಂತೆ ನಿಂತುಬಿಟ್ಟಳು.

“ಅದರ ಪರೀಕ್ಷಾ ಮಾಡೂಣ್ರಿ. ಒಂದು ಬಾಟ್ಲಿ ಒದ್ದಿ ಸೀರಿ ಉಟ್ಟ ದಿನ ತುಂಬ್ರಿ. ಇನ್ನೊಂದು ರೇಷ್ಮಿ ಉಟ್ಟ ದಿನ. ಎರಡೂ ನಿಮ್ಮ ಕೈಲೇನ.”

ಬಾಟಲಿಗಳನ್ನು ಲ್ಯಾಬಿನಿಂದ ತರಬಹುದಲ್ಲ ಎಂದೆ. ಅವರು ಗಾಬರಿಯಾದರು. ಲ್ಯಾಬಿನ ಗಾಜಿನಲ್ಲಿ ತಿನ್ನುವುದನ್ನು ಹಾಕಬಾರದು, ಎಷ್ಟು ತೊಳೆದರೂ ಹಾಕಬಾರದು. ಎರಡು ಹೊಸ ಬಾಟಲಿಗಳನ್ನು ತಾವೇ ಕೊಂಡು, ಬಿಸಿನೀರಿನಲ್ಲಿ ತೊಳೆದು, ಎರಡು ದಿನ ಬಿಸಿಲಿಗಿಟ್ಟು ತಂದರು. ಅವ್ವ ತುಂಬಿದಳು. ಆಮೇಲೆ ಎರಡನ್ನೂ ತಮ್ಮ ಮನೆಗೇ ಒಯ್ದರು. “ಇಲ್ಲೇ ಇಟ್ರ ಸರ್ರು ದಿನಾ ಮುಚ್ಚಳ ತಗದು ನೋಡ್ತಾರ್ರಿ. ನೋಡಿ ನೋಡೀನ ಕೆಡಸ್ತಾರ,” ಎಂದು ಅವ್ವನಿಗೆ ಹೇಳಿದರು. ಅವ್ವ ನಕ್ಕಳು. ನಾನು ಸಮರ್ಥಿಸಿಕೊಳ್ಳಲಿಲ್ಲ, ಏಕೆಂದರೆ ಅದು ನಿಜವಾಗಿತ್ತು.

ಎಷ್ಟು ದಿನ ಕಳೆಯಿತೋ. ಒಂದೂವರೆ ತಿಂಗಳು ಎಂದು ನನ್ನ ಲೆಕ್ಕ, ಹೆಂಡತಿಯ ಪ್ರಕಾರ ಎರಡು. ಒಂದು ಭಾನುವಾರ ಅವರು ಮತ್ತೆ ಬಂದರು. ಚೀಲದಿಂದ ಒಂದೇ ಬಾಟಲಿ ತೆಗೆದು ಹೊಸ್ತಿಲ ಹತ್ತಿರ ಇಟ್ಟು ಹಿಂದೆ ಸರಿದರು. ಕೆಂಪಗೆ, ಎಣ್ಣೆ ತೇಲುತ್ತ, ಹಾಕಿದ ದಿನದಂತೆಯೇ ಇತ್ತು.

“ಇದು ರೇಷ್ಮಿ ದಿನದ್ದು ನೋಡ್ರಿ.”

“ಇನ್ನೊಂದು?” ಎಂದೆ.

“ಬೂಸ್ರು ಬಂದಿತ್ರಿ. ಚೆಲ್ಲಿದೆ.”

“ಚೆಲ್ಲಿದಿರಾ? ನಾನು ನೋಡಬೇಕಿತ್ತಲ್ಲ!”

“ಬೂಸ್ರು ಬಂದಿದ್ದನ್ನ ಚೀಲದಾಗ ಇಟಗೊಂಡು ತಿರಗಬಾರ್ದರಿ,” ಎಂದು ಅವ್ವನ ಕಡೆ ತಿರುಗಿದರು. “ಎರಡಕ್ಕೂ ಕೈ ನಿಮ್ಮದರಿ ಅವ್ವಾರ. ಕೆಟ್ಟಿದ್ದು ಸೀರಿ ನೀರಿನಿಂದ.”

ಅವ್ವ ಬಾಟಲಿಯನ್ನು ಎತ್ತಿಕೊಂಡು ಒಳಗೆ ಹೋದಳು. ಸ್ವಲ್ಪ ಹೊತ್ತಿಗೆ ಒಳಗಿನಿಂದ ಫೋನಿನಲ್ಲಿ ಮಾತಾಡುವುದು ಕೇಳಿಸಿತು. “ಕೈದಲ್ಲವಾ, ಸೀರೀದು. ಹೂಂ, ಸೀರೀದು! ಪ್ರಯೋಗಾ ಮಾಡಿ ನೋಡ್ಯಾರ. ಕಾಲೇಜಿನವರು.” ಆ ಕಡೆ ಕಾಕು ಇದ್ದಳೆಂದು ಬೇರೆ ಹೇಳಬೇಕಿಲ್ಲ. ಆ ಸಂಜೆ ಅವ್ವ ಮೊಸರಿಗೆ ಹೆಪ್ಪು ಹಾಕಿದಳು.

ಮುಂದಿನ ಆರಾಧನೆಗೂ, ಆಮೇಲಿನ ವರ್ಷಗಳಲ್ಲೂ ಮಠಕ್ಕೆ ನಮ್ಮ ಮನೆಯ ಭರಣಿಯೇ ಹೋಯಿತು. ಅದರ ಮೇಲೆ ಬೂಸರು ಬರಲಿಲ್ಲ. ಅವರು ನಿವೃತ್ತರಾಗಿ ಹಿರೇಕೆರೂರಿನ ಕಡೆ ತಮ್ಮ ಹಳ್ಳಿಗೆ ಹೋದ ಮೇಲೂ ಚೈತ್ರದಲ್ಲಿ ಫೋನ್ ಮಾಡಿ, “ಅವ್ವಾರು ಭರಣಿ ಬಿಸಲಿಗೆ ಇಟ್ರೇನ್ರಿ?” ಎಂದು ಕೇಳುತ್ತಿದ್ದರು. ನಾನು ಮಾತ್ರ ಕಾಲೇಜಿನಲ್ಲಿ ಹೊಸ ವಿದ್ಯಾರ್ಥಿಗಳಿಗೆ ಪ್ರತಿವರ್ಷ ಆ ಎರಡು ಬಾಟಲಿಗಳ ಕತೆ ಹೇಳುತ್ತಿದ್ದೆ. ಒಂದನ್ನು ಮಾತ್ರ ಬದಲಿಸಿ, ಉಳಿದುದೆಲ್ಲ ಒಂದೇ ಆಗಿರುವ ಪ್ರಯೋಗಕ್ಕೆ ಉದಾಹರಣೆಯಾಗಿ. ಹೇಳಿ ಹೇಳಿ, ಬೂಸರು ಬಂದ ಬಾಟಲಿಯನ್ನು ನಾನೇ ಕಂಡೆನೆಂದು ನನಗೆ ಅನ್ನಿಸತೊಡಗಿತ್ತು. ಬಿಳಿಯ ಪದರ, ನಡುವೆ ಹಸಿರು ಚುಕ್ಕೆ. ಹೆಂಡತಿ ಒಮ್ಮೆ ತಡೆದು, “ನೀವೆಲ್ಲಿ ನೋಡೀರಿ ಅದನ್ನ?” ಎಂದಾಗ ನಾನು ವಾದ ಮಾಡಿದ್ದೆ.

ಅವರು ಹೋದ ಸುದ್ದಿ ತಿಳಿದು ಮೂರನೆಯ ದಿನ ಹಳ್ಳಿಗೆ ಹೋದೆ. ಮಣ್ಣು ಮಾಡುವುದು ಮುಗಿದಿತ್ತು. ಅವರ ಹೆಂಡತಿ ಅಂಗಳದಲ್ಲಿ ಚಾಪೆ ಹಾಕಿ ಕೂರಿಸಿ, ಬೇಡವೆಂದರೂ ಚಹಾ ಕೊಟ್ಟರು. ಮಾತು ಅವರ ಭರಣಿಗಳ ಕಡೆಗೆ ಹೊರಳಿತು. ಅವರು ಅಳುತ್ತಳುತ್ತಲೇ ಸ್ವಲ್ಪ ನಕ್ಕರು.

“ನಿಮ್ಮ ಅವ್ವಾರವು ಎರಡು ಬಾಟ್ಲಿ ತಂದಿದ್ರಲ್ಲರಿ. ಚೀಟಿ ಹಚ್ಚಿದ್ರು. ಒಂದಕ್ಕ ‘ಒಣಾ’ ಅಂತ, ಇನ್ನೊಂದಕ್ಕ ‘ಒದ್ದಿ’ ಅಂತ. ನಾ ಕೇಳಿದೆ, ಒದ್ದಿ ಅಂತ ಬರದೀರಲ್ಲ, ಯಾರಿಗೆ ಒದ್ದಿರಿ ಅಂತ. ದಿನಾ ಅದ ಚ್ಯಾಷ್ಟಿ. ಒಣಾದು ನಿಮಗ ಹೊಳ್ಳಿ ಕೊಟ್ರು. ಒದ್ದೀದು ನಾವ ತಿಂದ್ವಿ.”

“ತಿಂದಿರಾ?”

“ಹೂಂರಿ, ಇಬ್ಬರೂ. ರೊಟ್ಟಿ ಜೋಡಿ. ಛಲೋ ಇತ್ತು. ಕಡೀತನಕ ಏನೂ ಆಗಲಿಲ್ಲ ಅದಕ್ಕ.”

ಚೀಟಿಯ ವಿಷಯ ನನಗೆ ನೆನಪಿರಲಿಲ್ಲ. ಆದರೆ ಒದ್ದೆಯ ಹೆಸರಲ್ಲಿ ಗಂಡನನ್ನು ಕಾಡಿದ ಹೆಂಗಸು ಅದು ಯಾವ ಬಾಟಲಿ ಎಂಬುದನ್ನು ಮರೆತು ಹೇಳುತ್ತಿದ್ದಾರೆ ಎನ್ನುವುದು ಹೇಗೆ? ಬೂಸರು ಬಂದದ್ದನ್ನು ಅವರು ತಿನ್ನುವ ಮಾತೇ ಇಲ್ಲ, ಹೆಂಡತಿಗೆ ತಿನ್ನಿಸುವುದು ದೂರ ಉಳಿಯಿತು. ಅಂದರೆ ಬೂಸರು ಬಂದಿರಲಿಲ್ಲ. ಎರಡೂ ಚೆನ್ನಾಗಿದ್ದವು. ನಾನು ವರ್ಷಗಟ್ಟಲೆ ತರಗತಿಯಲ್ಲಿ ಕಲಿಸಿದ ಪ್ರಯೋಗದ ಫಲಿತಾಂಶವನ್ನು ಅವರು ಕಟ್ಟಿ ಹೇಳಿದ್ದರು.

ಹಿರೇಕೆರೂರಿನಿಂದ ಬರುವ ಬಸ್ಸಿನಲ್ಲಿ ಮೊದಲು ಸಿಟ್ಟು ಬಂತು. ಒಂದು ಬೀಕರಿನಲ್ಲಿ ಹನಿ ನೀರು ಉಳಿದರೆ ವಿದ್ಯಾರ್ಥಿಯನ್ನು ವಾಪಸು ಕಳಿಸುತ್ತಿದ್ದ ಮನುಷ್ಯ! ಆಮೇಲೆ ಅವರ ಜಾಗದಲ್ಲಿ ನನ್ನನ್ನು ಇಟ್ಟು ನೋಡಿದೆ. ಎರಡೂ ಕೆಟ್ಟಿಲ್ಲ ಎಂದು ಹೇಳಿದ್ದರೆ ಏನಾಗುತ್ತಿತ್ತು? ಅವ್ವ ಆ ದಿನ ಸಂತೋಷಪಡುತ್ತಿದ್ದಳು. ಸೀರೆಯದು ತಪ್ಪಿಲ್ಲವಲ್ಲ ಎಂದು ಮತ್ತೆ ಒದ್ದೆ ಮಡಿಯಲ್ಲೇ ಭರಣಿಗೆ ಕೈ ಹಾಕುತ್ತಿದ್ದಳು. ಒಂದು ಸಲ ತುಂಬಿದ ಸಣ್ಣ ಬಾಟಲಿ ಉಳಿದರೂ, ತಿಂಗಳುಗಟ್ಟಲೆ ಹನಿ ಬೀಳುವ ದೊಡ್ಡ ಭರಣಿ ಉಳಿಯುತ್ತಿರಲಿಲ್ಲ. ಮತ್ತೆ ಬೂಸರು, ಮತ್ತೆ ಕಾಕು, ಮತ್ತೆ ಕೈಗುಣ. ಅವ್ವನ ಕೈಯ ಮೇಲಿದ್ದ ತಪ್ಪನ್ನು ಇಳಿಸಬೇಕಾದರೆ ಅದನ್ನು ಬೇರೊಂದರ ಮೇಲೆ ಇಡಲೇಬೇಕಿತ್ತು. ಅವರು ಸೀರೆಯ ಮೇಲೆ ಇಟ್ಟರು. ಅದೇ ಸರಿಯಾದ ಜಾಗ ಎಂದು ಅವರಿಗೆ ಗೊತ್ತಿತ್ತು. ಸಾಬೀತಾಗುವವರೆಗೆ ಕಾಯುವಷ್ಟು ಸಮಯ ಅವ್ವನಿಗಿಲ್ಲ ಎಂಬುದೂ ಗೊತ್ತಿತ್ತು.

ಅಥವಾ ಇಷ್ಟೆಲ್ಲ ನಾನು ಕಟ್ಟುತ್ತಿದ್ದೇನೆ. ಅವರನ್ನು ಕೇಳುವಂತಿಲ್ಲ. ಈ ವರ್ಷ ತರಗತಿಯಲ್ಲಿ ಆ ಕತೆಯನ್ನು ಪ್ರಯೋಗಕ್ಕೆ ಉದಾಹರಣೆಯಾಗಿ ಹೇಳುವುದಿಲ್ಲ ಎಂದು ಮಾತ್ರ ನಿರ್ಧರಿಸಿದ್ದೇನೆ. ಒಬ್ಬ ಒಳ್ಳೆಯ ಮನುಷ್ಯನಿಗೆ ಉದಾಹರಣೆಯಾಗಿ ಹೇಳಬಹುದೋ ಏನೋ, ಆದರೆ ಅದು ಪಠ್ಯದಲ್ಲಿಲ್ಲ.

ಮನೆ ಸೇರಿದಾಗ ಅವ್ವ ರೇಷ್ಮೆ ಸೀರೆ ಉಟ್ಟು ಹೊಸ ಭರಣಿಯ ಬಾಯಿಗೆ ಬಟ್ಟೆ ಕಟ್ಟುತ್ತಿದ್ದಳು. ನನ್ನನ್ನು ಕಂಡು ಕೈ ನಿಲ್ಲಿಸಲಿಲ್ಲ.

“ಹೋಗಿ ಬಂದ್ಯಾ? ಅವರ ಮನಿಯವರು ಹ್ಯಾಂಗಿದ್ದಾರ? ಏನಂದ್ರು?”

ಹೇಳಲೇ ಎಂದು ಒಂದು ಕ್ಷಣ ಯೋಚಿಸಿದೆ. ಸತ್ಯದಲ್ಲಿ ಎಷ್ಟು ಹೇಳಬಹುದೋ ಅಷ್ಟು ಹೇಳಿದೆ.

“ನಿನ್ನ ಉಪ್ಪಿನಕಾಯಿ ನೆನಸಿದ್ರು. ಭಾಳ ಛಲೋ ಇತ್ತಂತ. ಕಡೀತನಕ ಕೆಡಲಿಲ್ಲಂತ.”

ಅವ್ವ ದಾರದ ಗಂಟನ್ನು ಬಿಗಿದು ಎಳೆದಳು.

“ಹ್ಯಾಂಗ ಕೆಡತದ? ಹಾಕಿದ ಕೈ ಯಾರದು!”